ಸಪ್ತತಾಳದ ಅಲಂಕಾರಗಳು ಮತ್ತು ಲಯಶಿಕ್ಷಣ

ಕರ್ಣಾಟಕ ಸಂಗೀತದ ಪ್ರಾರಂಭಪಾಠಗಳಾದ ಸರಳಿ, ಜಂಟಿ, ಅಲಂಕಾರಗಳನ್ನು ರೂಪಿಸಿದವರು ಪುರಂದರದಾಸರೆಂದು ಸಂಪ್ರದಾಯವು ಹೇಳುತ್ತದೆ. ಇತಿಹಾಸಕಾರನು ಇದನ್ನು ಸಂಪ್ರದಾಯವೆಂದೇ ಸ್ವೀಕರಿಸತಕ್ಕದ್ದು. ಆದರೆ ಅಲಂಕಾರಗಳ ಏಳು ತಾಳಗಳಿಗೆ ಸುಳಾದಿ ತಾಳಗಳೆಂಬ ಹೆಸರೇ ನಿಂತಿರುವುದರಿಂದ ಹರಿದಾಸರ ಸುಳಾದಿಗಳೊಡನೆ ಅವುಗಳಿಗಿರುವ ನಂಟು ಸ್ಪಷ್ಟವಾಗಿದೆ.

ಪ್ರಸ್ತುತ ವಿಚಾರವು ಕರ್ತೃತ್ವವನ್ನು ಕುರಿತದ್ದಲ್ಲ. ಅಲಂಕಾರಗಳನ್ನು ಹಾಡಿದ ಮಾತ್ರಕ್ಕೆ ಸ್ವರದೊಡನೆ ತಾಳವೂ ತಾನಾಗಿಯೇ ಕೈವಶವಾಗುವುದೆಂಬ ಒಂದು ನಂಬಿಕೆ ನಮ್ಮ ಬೋಧನಕ್ರಮದಲ್ಲಿ ಬೇರೂರಿದೆ. ಅದನ್ನು ಪರೀಕ್ಷಿಸಬೇಕಾಗಿದೆ.

ಧ್ರುವತಾಳದ ಅಲಂಕಾರವನ್ನು ನೋಡೋಣ. ಸರಿಗಮ ಎಂದು ಏರುವ ನಾಲ್ಕು ಸ್ವರಗಳು ಲಘುವಿಗೆ, ಗರಿ ಎಂದು ಹಿಂದಿರುಗುವ ಎರಡು ದ್ರುತಕ್ಕೆ. ಮುಂದೆ ಮತ್ತೆರಡು ಲಘುಗಳು. ಸ್ವರಗಳ ಗುಂಪು ಮುಗಿಯುವಲ್ಲಿಯೇ ತಾಳದ ಅಂಗವೂ ಮುಗಿಯುತ್ತದೆ. ಮಠ್ಯ, ರೂಪಕಗಳಲ್ಲಿಯೂ ಹೀಗೆಯೇ. ವಿದ್ಯಾರ್ಥಿಯು ಕಿವಿಯ ಬಲದಿಂದಲೇ ತಾಳ ಹಾಕಬಲ್ಲನು. ನಾಲ್ಕನೆಯದಾದ ಝಂಪೆಯಲ್ಲಿ ಈ ಅನುಕೂಲ ತಪ್ಪಿಹೋಗುತ್ತದೆ. ಅದರ ಅಂಗಗಳು ಮಿಶ್ರಜಾತಿ ಲಘು 7, ಅನುದ್ರುತ 1, ದ್ರುತ 2. ಸ್ವರಗಳಾದರೋ ಸರಿಗ, ಸರಿ, ಸರಿಗ, ಮಾ ಎಂದು 3, 2, 3, 2ರ ಗುಂಪುಗಳಾಗಿ ಕೇಳಿಸುತ್ತವೆ. ಎರಡನೆಯ ಸರಿಗದ ಗಾಂಧಾರವು ತನ್ನ ಗುಂಪಿನಿಂದ ಬೇರ್ಪಟ್ಟು ಅನುದ್ರುತದ ಮೇಲೆ ಬೀಳುತ್ತದೆ. ಕಿವಿಯನ್ನೇ ನೆಚ್ಚಿದವನ ಕೈ ಇಲ್ಲಿ ತಪ್ಪುತ್ತದೆ. ಇದು ರಚನೆಯ ದೋಷವೆಂದು ನನಗೆ ತೋರುವುದಿಲ್ಲ. ಮೂರು ಪಾಠಗಳಲ್ಲಿ ಕೊಟ್ಟ ಆಸರೆಯನ್ನು ನಾಲ್ಕನೆಯದರಲ್ಲಿ ಹಿಂದೆಗೆದುಕೊಂಡಂತಿದೆ.

ಆಸರೆ ಹೋದ ಮೇಲೆ ಹಿಡಿಯಬೇಕಾದುದು ಯಾವುದು? ಅಂಕಿಗಳೆನ್ನುವವರುಂಟು. ಆದರೆ ಮಠ್ಯಕ್ಕೂ 10 ಅಕ್ಷರ, ಝಂಪೆಗೂ 10. ಧ್ರುವಕ್ಕೂ 14, ಖಂಡಜಾತಿ ಅಟ್ಟತಾಳಕ್ಕೂ 14. ಮೊತ್ತವನ್ನು ಬಲ್ಲವನು ತಾಳವನ್ನು ಬಲ್ಲವನಾಗಲಿಲ್ಲ. ಅದನ್ನೇ ಸೊಲ್ಲುಕಟ್ಟಿನಲ್ಲಿ ನುಡಿದು ನೋಡಬಹುದು: ಧ್ರುವಕ್ಕೆ ತಕಧಿಮಿ ತಕ ತಕಧಿಮಿ ತಕಧಿಮಿ, ಅಟ್ಟಕ್ಕೆ ತಕತಕಿಟ ತಕತಕಿಟ ತಕ ತಕ. ಎಣಿಸುವ ಶ್ರಮವಿಲ್ಲದೆ ನಾಲಗೆಯೇ ಭೇದವನ್ನು ಅರಿಯುತ್ತದೆ. ಮೃದಂಗವನ್ನು ಕಲಿಯುವವನು ತ ಧಿ ತೊಂ ನಂ ಎಂದು ಬಾಯಲ್ಲಿ ನುಡಿದೇ ಕೈಗೆ ತರುತ್ತಾನೆ. ನಾಟ್ಯದಲ್ಲಿಯೂ ಜತಿಯನ್ನು ನುಡಿದೇ ಕಲಿಸುತ್ತಾರೆ. ಗಾಯನದ ಪಾಠಕ್ಕೆ ಮಾತ್ರ ಇದು ಹೊರಗಿನದೆಂಬ ಭಾವನೆ ಏಕೋ ತಿಳಿಯದು. ಬರಿಯ ಸೊಲ್ಲುಗಳಿಂದ ಗಾಯಕನಾಗುವುದಿಲ್ಲವೆಂಬ ಆಕ್ಷೇಪವು ನ್ಯಾಯವಾದದ್ದೇ. ಆದರೆ ಸೊಲ್ಲು ಸ್ವರದ ಸ್ಥಾನವನ್ನು ಆಕ್ರಮಿಸಬೇಕೆಂದು ಇಲ್ಲಿ ವಾದವಲ್ಲ.

ಝಂಪೆಗೆ ಮೊದಲು ತಕಿಟ ತಕಧಿಮಿ, ತ, ತಕ ಎಂದು ಕೈಯಲ್ಲಿ ತಾಳ ಹಾಕುತ್ತ ಮೂರು ಕಾಲಗಳಲ್ಲಿಯೂ ನುಡಿಸಿ, ಅನಂತರ ಸ್ವರಗಳನ್ನು ಹಾಡಿಸಬೇಕು. ಎರಡನೆಯ ಕಾಲದಲ್ಲಿ ಆ ಗಾಂಧಾರವು ಅನುದ್ರುತವನ್ನು ಬಿಟ್ಟು ಲಘುವಿನ ನಾಲ್ಕನೆಯ ಎಣಿಕೆಯ ಉತ್ತರಾರ್ಧಕ್ಕೆ ಸರಿಯುತ್ತದೆ. ವಿದ್ಯಾರ್ಥಿಯನ್ನು ಪರೀಕ್ಷಿಸಬೇಕಾದ ಸ್ಥಳ ಅದು.