ಎಂಜಲೆಲೆಯ ಮುಂದೆ ದೈವಶಾಸ್ತ್ರ: ಎನ್.ಎಸ್. ಹರ್ಷರ ಎರಡು ಕೃತಿಗಳು

ಸೃಷ್ಟಿಯ ಪಾಲನೆಯನ್ನು ಕುರಿತ ನಮ್ಮ ಬೋಧನೆ ಹೆಚ್ಚಾಗಿ ಕಾಡು, ನದಿ, ಬೆಟ್ಟಗಳನ್ನೇ ಸುತ್ತುತ್ತದೆ. ನಾವು ಬಳಸಿ ಬಿಸುಟ ವಸ್ತುವಿನ ಕಡೆಗೆ ತಿರುಗುವುದು ವಿರಳ. ಆ ವಸ್ತುವನ್ನೇ ನಮ್ಮ ಕಣ್ಣೆದುರಿಗೆ ಇಡುವವರು ಮೈಸೂರಿನ ಕಲಾವಿದ ಎನ್.ಎಸ್. ಹರ್ಷ. 1969ರಲ್ಲಿ ಜನಿಸಿದ ಇವರು ಮೈಸೂರಿನ ‘ಕಾವಾ’ದಲ್ಲಿಯೂ ಬರೋಡದಲ್ಲಿಯೂ ಕಲೆಯನ್ನು ಅಭ್ಯಾಸ ಮಾಡಿದರು, 2008ರಲ್ಲಿ ಇವರಿಗೆ ವೇಲ್ಸ್ ದೇಶದ ಆರ್ಟೆಸ್ ಮುಂಡಿ ಪ್ರಶಸ್ತಿ ಸಂದಿತು.

ಅದೇ ವರ್ಷ ಟೋಕಿಯೊದಲ್ಲಿ ಪ್ರದರ್ಶಿತವಾದ ‘ಲೆಫ್ಟೋವರ್ಸ್’ ಎಂಬ ಕೃತಿಯಲ್ಲಿ ಊಟ ಮುಗಿದ ಬಾಳೆಯೆಲೆಗಳ ಸಾಲುಗಳಿವೆ. ಜಪಾನಿನ ಹೋಟೆಲುಗಳು ಗಾಜಿನ ಕಪಾಟಿನಲ್ಲಿ ತೋರಿಕೆಗೆ ಇಡುವ ಮಾದರಿ ತಿನಿಸುಗಳ ಕುಶಲಕಲೆಯಿಂದ ಇವು ರೂಪುಗೊಂಡಿವೆ. ಬಾಳೆಯೆಲೆ ಬೇಗ ಕೊಳೆತು ಮಣ್ಣಾಗುವಂಥದು; ಇಲ್ಲಿ ಅದು ಎಂದೂ ಕೊಳೆಯದು. ಮಣ್ಣಿಗೆ ಮರಳಬೇಕಾದುದಕ್ಕೆ ನಾವು ನೀಡಿರುವ ಸುಳ್ಳು ಅಮರತ್ವವೇ ಈ ಕೃತಿಯ ವ್ಯಂಗ್ಯವೆಂದು ನಾವು ಓದುತ್ತೇವೆ.

ಸಂತ ಯೊವಾನ್ನರ ಶುಭಸಂದೇಶದ ಆರನೆಯ ಅಧ್ಯಾಯದಲ್ಲಿ ಐದು ಸಾವಿರ ಜನ ಉಂಡು ತೃಪ್ತರಾದ ಮೇಲೆ, ಏನೂ ಹಾಳಾಗದಂತೆ ಉಳಿದ ತುಣುಕುಗಳನ್ನು ಕೂಡಿಸಲು ಪ್ರಭು ಆಜ್ಞಾಪಿಸುತ್ತಾರೆ. ಹನ್ನೆರಡು ಬುಟ್ಟಿಗಳು ತುಂಬುತ್ತವೆ. ಅಲ್ಲಿ ಕೂಡಿಸುವವರು ಶಿಷ್ಯರು. ಹರ್ಷರ ಎಲೆಗಳ ಬಳಿ ಎತ್ತುವವರಿಲ್ಲ, ನಾತವಿಲ್ಲ, ಬಾಗಿದ ಬೆನ್ನಿಲ್ಲ. ನಮ್ಮ ಛತ್ರಗಳಲ್ಲಿ ಎಂಜಲೆಲೆಯನ್ನು ಯಾರು ಎತ್ತುತ್ತಾರೆಂಬುದು ಜಾತಿಯ ಪ್ರಶ್ನೆಯೂ ಹೌದು. ಈ ಮೌನ ಕೃತಿಯ ಮಿತಿಯೆಂದೇ ನಮ್ಮ ಅಭಿಪ್ರಾಯ.

2017ರ ‘ರಿಕ್ಲೇಮಿಂಗ್ ದಿ ಇನ್ನರ್ ಸ್ಪೇಸ್’ ಒಂದು ಹೆಜ್ಜೆ ಮುಂದೆ ಹೋಗುತ್ತದೆ. ಇಲ್ಲಿ ಬಿಸುಟ ರಟ್ಟಿನ ಪೊಟ್ಟಣಗಳೇ ಚಿತ್ರದ ನೆಲೆ. ಅದರ ಮೇಲೆ ಮರದ ಆನೆಗಳು ಸಾಗುತ್ತವೆ. ತ್ಯಾಜ್ಯವನ್ನು ಅನುಕರಿಸದೆ ತ್ಯಾಜ್ಯವನ್ನೇ ಕೈಗೆತ್ತಿಕೊಂಡಿರುವುದು ಇದರ ಹಿರಿಮೆ. ಆದರೂ ಇದರಲ್ಲಿರುವ ಅಕ್ರಿಲಿಕ್ ಬಣ್ಣ, ಅಕ್ರಿಲಿಕ್ ಕನ್ನಡಿ ಪ್ಲಾಸ್ಟಿಕ್ಕಿನ ಕುಲಕ್ಕೇ ಸೇರಿದವು. ಇದನ್ನು ದೋಷವೆಂದು ಎಣಿಸುವುದಕ್ಕಿಂತ ಸತ್ಯದ ಒಪ್ಪಿಗೆಯೆಂದು ಗ್ರಹಿಸುವುದು ಯುಕ್ತ: ನಿಷ್ಕಳಂಕ ವಸ್ತು ನಮ್ಮ ಕೈಗೆ ಸುಲಭವಾಗಿ ಸಿಗುವುದಿಲ್ಲ.

ಇಂದು ಹಲವು ಕಲಾವಿದರು ಪಿಷ್ಟ, ಕಡಲಪಾಚಿಗಳಿಂದ ಜೈವಿಕ ಪ್ಲಾಸ್ಟಿಕ್ ತಯಾರಿಸುತ್ತಿದ್ದಾರೆ. ಯತ್ನ ಶ್ಲಾಘ್ಯವೇ. ಆದರೆ ಜೋಳದ ಪಿಷ್ಟದಿಂದ ಪಡೆಯುವ ಪಿಎಲ್ಎ ಸಹ ಬೇಗ ಕೊಳೆಯಬೇಕಾದರೆ ಸುಮಾರು 60 ಡಿಗ್ರಿ ಸೆಲ್ಸಿಯಸ್ ಶಾಖದ ಗೊಬ್ಬರ ಘಟಕ ಬೇಕು. ಬೀದಿಬದಿಯ ಚರಂಡಿಯಲ್ಲಿ ಅದೂ ದೀರ್ಘಕಾಲ ಉಳಿಯುತ್ತದೆ. ವಸ್ತುವನ್ನು ಬದಲಿಸಿ ಬಿಸಾಡುವ ಮನಸ್ಸನ್ನು ಹಾಗೆಯೇ ಉಳಿಸಿಕೊಂಡರೆ ಅದು ಪರಿವರ್ತನೆಯಲ್ಲ. ವಿಶ್ವಗುರು ಫ್ರಾನ್ಸಿಸ್‌ರವರು 2015ರ ‘ಲೌದಾತೋ ಸಿ’ ವಿಶ್ವಪತ್ರದಲ್ಲಿ ಖಂಡಿಸಿದ ಬಿಸಾಡುವ ಸಂಸ್ಕೃತಿ ವಸ್ತುವಿಗೂ ಬಡವರಿಗೂ ಒಂದೇ ಗತಿಯನ್ನು ಕಾಣಿಸುತ್ತದೆ.

ಈ ವಿಮರ್ಶೆ ನಮ್ಮ ಪೂಜಾವೇದಿಕೆಯನ್ನೂ ಮುಟ್ಟಬೇಕು. ಅಲಂಕಾರದ ಥರ್ಮಾಕೋಲ್ 2022ರ ಜುಲೈ 1ರಿಂದ ದೇಶದಲ್ಲಿ ನಿಷಿದ್ಧ. ಹಾಗಿದ್ದರೂ ಗೋದಲಿ ಕಟ್ಟುವಾಗ ನಮ್ಮ ಕೈ ಎತ್ತ ಚಾಚುತ್ತದೆ? ವಾರ್ತೆಯು ಮಾಂಸವಾದುದನ್ನು ಆಚರಿಸುವ ನಾವು ಹುಲ್ಲು, ಮಣ್ಣು, ಬಿದಿರನ್ನು ಬಿಟ್ಟು ಕೊಳೆಯದ ಬಿಳುಪನ್ನು ಆರಿಸಿಕೊಂಡರೆ, ದೇಹಧಾರಣೆಯ ರಹಸ್ಯವನ್ನು ನಾಲಿಗೆಯಿಂದ ಸಾರಿ ಕೈಯಿಂದ ನಿರಾಕರಿಸಿದಂತೆ. ಪ್ರಭುವಿನ ಆಜ್ಞೆಯಂತೆ ತುಣುಕುಗಳನ್ನು ಕೂಡಿಸುವುದೂ ಯಾಜಕಸೇವೆಯ ಭಾಗವೇ. ಬುಟ್ಟಿ ಹಿಡಿಯುವ ಕೆಲಸವನ್ನು ಪರರಿಗೆ ವಹಿಸುವಂತಿಲ್ಲ.