ಮಾತ್ಸುಮೊತೊ ಅವರ ಚಿತ್ರಕಲೆಯಲ್ಲಿ ದೃಶ್ಯವೂ ದ್ರಷ್ಟೃವೂ

ಜಪಾನಿನ ಚಲಚ್ಚಿತ್ರ ನಿರ್ದೇಶಕ ತೊಷಿಯೋ ಮಾತ್ಸುಮೊತೊ (1932–2017) ಅವರ ಕೃತಿಗಳನ್ನು ವಿಮರ್ಶಕರು ಎರಡು ಭಾಗ ಮಾಡುವುದುಂಟು: ಮೊದಲಿನವು ವಾಸ್ತವವನ್ನು ನಿರೂಪಿಸುವ ಚಿತ್ರಗಳು, ಅನಂತರದವು ರೂಪಪ್ರಯೋಗಗಳು. ಈ ವಿಭಾಗವು ಅನುಕೂಲವಾದುದೇ ಹೊರತು ಯಥಾರ್ಥವಾದುದಲ್ಲ. ನೋಡಲ್ಪಡುವ ವಸ್ತುವಿನೊಡನೆ ನೋಡುವ ಚಿತ್ತವನ್ನೂ ಚಿತ್ರದೊಳಕ್ಕೆ ತರಬೇಕೆಂಬ ಒಂದೇ ಸಂಕಲ್ಪವು ಅವೆಲ್ಲವುಗಳಲ್ಲಿಯೂ ಸೂತ್ರದಂತೆ ಹಾದಿರುವುದು.

1958ರಲ್ಲಿ ಪ್ರಕಟವಾದ ಪ್ರಬಂಧವೊಂದರಲ್ಲಿ ಅವರು ಈ ಸಂಕಲ್ಪವನ್ನು ಸಿದ್ಧಾಂತರೂಪವಾಗಿ ಮಂಡಿಸಿದರು. ಬಹಿರಂಗವನ್ನು ಮಾತ್ರ ನಕಲು ಮಾಡುವ ಚಿತ್ರವೂ ಅಂತರಂಗದಲ್ಲಿಯೇ ಮುಳುಗುವ ಚಿತ್ರವೂ ಸಮಾನವಾಗಿ ಅಪೂರ್ಣವೆಂಬುದು ಅದರ ತಾತ್ಪರ್ಯ. 1961ರ 'ನಿಷಿಜಿನ್' ಇದಕ್ಕೆ ನಿದರ್ಶನ. ಕ್ಯೋತೊ ನಗರದ ರೇಷ್ಮೆ ನೇಕಾರರ ಕೇರಿಯನ್ನು ಕುರಿತ ಈ ಚಿತ್ರವು ನೇಯ್ಗೆಯ ಕ್ರಮವನ್ನು ಬೋಧಿಸಹೊರಡದೆ, ಕೈ, ನೂಲು, ಮಗ್ಗಗಳ ಪುನರಾವೃತ್ತಿಯಿಂದ ದುಡಿಮೆಯ ಭಾರವನ್ನು ಅನುಭವಕ್ಕೆ ತರುವುದು. 1963ರ 'ಇಷಿ ನೊ ಉತಾ', ಎಂದರೆ 'ಶಿಲೆಯ ಗೀತ', ಇನ್ನೂ ಮುಂದುವರಿದುದು. ಷಿಕೊಕು ದ್ವೀಪದ ಕಲ್ಲುಕುಟಿಗರನ್ನು ಕುರಿತ ಈ ಕೃತಿಯು ಬಹುಮಟ್ಟಿಗೆ ನಿಶ್ಚಲ ಛಾಯಾಚಿತ್ರಗಳಿಂದಲೇ ರಚಿತವಾಗಿದೆ. ಇಲ್ಲಿ ಚಲನವು ವಸ್ತುವಿನದಲ್ಲ, ನೋಟದ್ದು.

ಹನ್ನೆರಡು ವರ್ಷಗಳ ತರುವಾಯ ಬಂದ 'ಆತ್ಮನ್' (1975) ಇದೇ ಬೀಜದ ಫಲ. ಸುಮಾರು ಹನ್ನೊಂದು ನಿಮಿಷಗಳ ಈ ಚಿತ್ರದಲ್ಲಿ ಬಯಲಿನ ನಡುವೆ ಮುಖವಾಡ ಧರಿಸಿದ ಆಕೃತಿಯೊಂದು ಕುಳಿತಿದೆ. ಕ್ಯಾಮರಾವು ಅದರ ಸುತ್ತ 480 ಸ್ಥಾನಗಳಿಂದ ಅದನ್ನು ನೋಡುತ್ತ, ಸಮೀಪಿಸುತ್ತ, ದೂರ ಸರಿಯುತ್ತ ಪರಿಭ್ರಮಿಸುವುದು. ಅವಕೆಂಪು ಕಿರಣಗಳನ್ನು ಗ್ರಹಿಸುವ ಫಿಲ್ಮನ್ನು ಬಳಸಿರುವುದರಿಂದ ಬಣ್ಣಗಳು ಸಹಜತೆಯನ್ನು ತೊರೆದಿವೆ. ತೊಷಿ ಇಚಿಯನಾಗಿ ಅವರ ಸಂಗೀತವು ಆ ಪರಿಭ್ರಮಣಕ್ಕೆ ಜೊತೆಗೂಡಿದೆ.

ಚಿತ್ರದ ಹೆಸರು ಸಂಸ್ಕೃತದ್ದು. ಮುಖವಾಡದ ಹೆಸರೂ ಮೂಲತಃ ಸಂಸ್ಕೃತದ್ದೇ ಎಂಬುದು ಕನ್ನಡ ವಾಚಕರಿಗೆ ಸ್ವಾರಸ್ಯವಾಗಿ ತೋರಬಹುದು. ನೋ ನಾಟಕದಲ್ಲಿ ಅಸೂಯೆಯಿಂದ ರಾಕ್ಷಸಿಯಾದ ಸ್ತ್ರೀಯನ್ನು ಸೂಚಿಸುವ ಈ 'ಹನ್ನ್ಯ'ದ ಹೆಸರು, ಬೌದ್ಧಧರ್ಮದೊಡನೆ ಚೀನದ ಮಾರ್ಗವಾಗಿ ಜಪಾನನ್ನು ಮುಟ್ಟಿದ 'ಪ್ರಜ್ಞಾ' ಶಬ್ದದ ರೂಪಾಂತರ. ಆದರೆ ಇಷ್ಟರಿಂದಲೇ ಚಿತ್ರವನ್ನು ವೇದಾಂತದ ವ್ಯಾಖ್ಯಾನವೆಂದು ತಿಳಿಯುವುದು ಸಾಧುವಲ್ಲ. ಉಪನಿಷತ್ತುಗಳ ಆತ್ಮವು ದ್ರಷ್ಟೃವೇ ಹೊರತು ದೃಶ್ಯವಲ್ಲ, ಅದು ಅಚಲವಾದುದು. ಇಲ್ಲಿಯಾದರೋ ಅಚಲವಾಗಿರುವುದು ದೃಶ್ಯ, ಅಲೆಯುತ್ತಿರುವುದು ದ್ರಷ್ಟೃ. ಎಷ್ಟು ಸುತ್ತಿದರೂ ಕಣ್ಣಿಗೆ ದೊರೆಯುವುದು ಮುಖವಾಡವೇ. ಹೊರಗಿನಿಂದ ಅರಸುವ ನೋಟವು ಒಳಗನ್ನು ಮುಟ್ಟಲಾರದೆಂಬ ಈ ಒಪ್ಪಿಗೆಯಲ್ಲಿಯೇ ಕೃತಿಯ ಪ್ರಾಮಾಣಿಕತೆಯಿರುವುದು.

ದೋಷವಿಲ್ಲವೆಂದಲ್ಲ. ವೇಗವು ಪರಾಕಾಷ್ಠೆಗೇರಿದಾಗ ಪ್ರೇಕ್ಷಕನಿಗೆ ಉಳಿಯುವುದು ಕಣ್ಣಿನ ತಲ್ಲಣ ಮಾತ್ರ. ಅಲ್ಲಿ ಕೌಶಲವು ಜಿಜ್ಞಾಸೆಯನ್ನು ಮೀರಿರುವುದು. ನೇಕಾರರ ಕೈಗಳಿಗಿದ್ದ ಲೋಕಸಂಬಂಧವು ಈ ಏಕಾಂತ ಆಕೃತಿಗಿಲ್ಲ. ಪ್ರಯೋಗವು ಸೂಕ್ಷ್ಮವಾದಷ್ಟೂ ಮನುಷ್ಯರ ಬಾಳಿನಿಂದ ದೂರವಾಗುವ ಅಪಾಯಕ್ಕೆ ಮಾತ್ಸುಮೊತೊ ಅವರೂ ಹೊರತಾಗಲಿಲ್ಲ.

ಆದರೂ ಆ ವಿಧಾನವು ಬಂಜೆಯಾಗಲಿಲ್ಲ. ಅವರ ಶಿಷ್ಯ ತಕಾಷಿ ಇತೊ 1981ರಲ್ಲಿ ವ್ಯಾಯಾಮಶಾಲೆಯೊಂದರ 700 ನಿಶ್ಚಲ ಛಾಯಾಚಿತ್ರಗಳಿಂದ 'ಸ್ಪೇಸಿ'ಯನ್ನು ನಿರ್ಮಿಸಿದರು. ಅಲ್ಲಿ ನೋಟವು ಚಿತ್ರದೊಳಗಣ ಚಿತ್ರಕ್ಕೆ ಮತ್ತೆ ಮತ್ತೆ ಪ್ರವೇಶಿಸುವುದು. ನಡುವೆ ಕುಳಿತ ಆಕೃತಿಯೂ ಇಲ್ಲ. ಗುರುವು ಷಿಕೊಕುವಿನ ಕಲ್ಲುಗಣಿಯಲ್ಲಿ ಎತ್ತಿದ ಪ್ರಶ್ನೆಯನ್ನೇ ಶಿಷ್ಯನು ಬರಿದಾದ ಕೋಣೆಯಲ್ಲಿ ಮುಂದುವರಿಸಿದನೆನ್ನಬಹುದು.