ಮೊದಲ ಅಸ್ಟೆರೊ

'ಅಸ್ಟೆರೊ' ಎಂದರೆ ಗ್ರೀಸಿನಲ್ಲಿ ಹೆಚ್ಚಿನವರಿಗೆ ನೆನಪಾಗುವುದು 1959ರ ಚಿತ್ರ, ಅದರ ನಾಯಕಿ ಅಲಿಕಿ ವುಯುಕ್ಲಾಕಿ. ಅದಕ್ಕೂ ಮೂವತ್ತು ವರ್ಷ ಮೊದಲು, 1929ರ ಮೂಕಿ ಚಿತ್ರದಲ್ಲಿ ಇದೇ ಪಾತ್ರ ಮಾಡಿದವರ ಹೆಸರೂ ಅಲಿಕಿಯೇ. ಪೂರ್ತಿ ಹೆಸರು ಅಲಿಕಿ ಥಿಯೊಡೊರಿಡು. ಎರಡನೆಯ ಅಲಿಕಿ ದೇಶಕ್ಕೆಲ್ಲ ಮನೆಮಾತಾದರು. ಮೊದಲಿನವರನ್ನು ಸಿನಿಮಾ ಚರಿತ್ರೆಯ ಪುಟಗಳಲ್ಲಿ ಹುಡುಕಬೇಕು. ಪಾತ್ರದ ನಿಜವಾದ ಕಷ್ಟವನ್ನು ಹೊತ್ತವರು ಈ ಮೊದಲಿನವರೇ ಎಂದು ನನಗನಿಸುತ್ತದೆ.

ದಿಮಿತ್ರಿಸ್ ಗಾಜಿಯಾಡಿಸ್ ನಿರ್ದೇಶಿಸಿದ ಈ ಮೂಕಿ ಚಿತ್ರಕ್ಕೆ ಹಾಲಿವುಡ್ಡಿನ 'ರಮೋನಾ' ಪ್ರೇರಣೆ. ಕಥೆ ಮಾತ್ರ ಗ್ರೀಸಿನ ಬೆಟ್ಟದ ಕುರಿಗಾಹಿಗಳದು. ಗಂಡಸರು ಫುಸ್ತಾನೆಲ್ಲಾ ಎಂಬ ನೆರಿಗೆಯ ಬಿಳಿ ಲಂಗ ಉಟ್ಟವರು. ಕುರಿಮಂದೆಗಳ ಒಡೆಯ ಮಿತ್ರೋಸ್ ಅನಾಥೆ ಅಸ್ಟೆರೊಳನ್ನು ಸಾಕಿದ್ದಾನೆ. ಅವನ ಮಗ ಥಿಮಿಯೋಸ್ ಅವಳನ್ನು ಪ್ರೀತಿಸುತ್ತಾನೆ. ಮಗನಿಗೆ ಅವಳು ತಕ್ಕವಳಲ್ಲವೆಂದು ಮಿತ್ರೋಸ್ ಅವಳನ್ನು ಬೇರೊಬ್ಬನಿಗೆ ಕಟ್ಟುತ್ತಾನೆ. ಅವಳಿಗೆ ಬುದ್ಧಿಭ್ರಮಣೆಯಾಗುತ್ತದೆ.

ಚಿತ್ರಕಥೆ ಅವಳಿಗೆ ಎಲ್ಲೂ ಎದುರಾಡುವ ಅವಕಾಶ ಕೊಟ್ಟಿಲ್ಲ. ಅನ್ನ ಹಾಕಿದವನ ಮುಂದೆ ತಲೆ ಎತ್ತಿ 'ಆಗದು' ಎನ್ನಲಾರದವಳಿಗೆ ಹುಚ್ಚೊಂದೇ ಉಳಿದ ಪ್ರತಿಭಟನೆ. ಸಂಭಾಷಣೆಯ ಆಸರೆಯಿಲ್ಲದೆ ಇದನ್ನು ನೋಡುಗರಿಗೆ ಮುಟ್ಟಿಸುವುದು ಸುಲಭವಲ್ಲ. ಕೂದಲು ಕೆದರಿ, ಕಣ್ಣರಳಿಸಿದರೆ ಸಾಲದು. ಮದುವೆಗೆ ಮೊದಲಿನ ಆ ವಿಧೇಯತೆಯಲ್ಲೇ ಬಿರುಕಿನ ಸುಳಿವು ಇರಬೇಕು. ಎದುರಿಗೆ ಮಿತ್ರೋಸ್ ಆಗಿ ನಿಂತವರು ಎಮಿಲಿಯೋಸ್ ವೆಯಾಕಿಸ್, 1919ರಲ್ಲೇ ಈಡಿಪಸ್ ಆಗಿ ರಂಗವನ್ನು ಗೆದ್ದ ನಟ. ಅಂಥವರ ಎದುರು ತಗ್ಗಿದ ಮುಖದಲ್ಲೇ ನಿಲ್ಲಬೇಕಾದ ಪಾತ್ರವಿದು. ಕಥೆಯ ನೋವೆಲ್ಲ ಅವಳದು, ನಿರ್ಧಾರವೆಲ್ಲ ಅವನದು.

ಚಿತ್ರ ಎಡವುವುದು ಕೊನೆಯಲ್ಲಿ. ಪಶ್ಚಾತ್ತಾಪಪಟ್ಟ ಮಿತ್ರೋಸ್, ತಾನು ಅನುಭವಿಸುತ್ತಿದ್ದ ಆಸ್ತಿ ಅಸಲಿಗೆ ಅಸ್ಟೆರೊಳದೇ ಎಂದು ಒಪ್ಪಿಕೊಳ್ಳುತ್ತಾನೆ. ಪ್ರೇಕ್ಷಕರಿಗೆ ಸಮಾಧಾನ, ಆದರೆ ಅಲ್ಲಿಯವರೆಗೆ ಕಟ್ಟಿದ್ದೆಲ್ಲ ಸಡಿಲವಾಗುತ್ತದೆ. ಬಡವಳಾಗಿಯೇ ಉಳಿದಿದ್ದರೆ ಅವಳು ಸೊಸೆಯಾಗಲು ಯೋಗ್ಯಳಲ್ಲವೇ? ಈ ಪ್ರಶ್ನೆಯನ್ನು ಚಿತ್ರಕಥೆ ನುಂಗಿಬಿಡುತ್ತದೆ. ಅಸ್ಟೆರೊಳ ಸಂಕಟ ಮಾತ್ರ ಅದನ್ನು ಮೊದಲೇ ಕೇಳಿಯಾಗಿದೆ.

ಥಿಮಿಯೋಸ್ ಪಾತ್ರದ ಕೋಸ್ತಾಸ್ ಮುಸೂರಿಸ್ ಮುಂದೆ ಅಥೆನ್ಸಿನ ರಂಗಭೂಮಿಯಲ್ಲಿ ದೊಡ್ಡ ಹೆಸರಾದರು. ಅಲಿಕಿ ಥಿಯೊಡೊರಿಡು ಅವರೂ ಅವರೊಡನೆ ನಾಟಕ ತಂಡ ನಡೆಸಿದರು. ಚಿತ್ರವೋ, ದಶಕಗಟ್ಟಲೆ ಕಣ್ಮರೆಯಾಗಿತ್ತು. ಫ್ರೆಂಚ್ ಶೀರ್ಷಿಕೆಗಳಿದ್ದ ಒಂದು ಪ್ರತಿ ಪ್ಯಾರಿಸಿನ ಸಿನಿಮಾ ಭಂಡಾರದಲ್ಲಿ ಸಿಕ್ಕಿ, ಈ ಶತಮಾನದಲ್ಲಿ ಜೀರ್ಣೋದ್ಧಾರವಾಯಿತು. ವುಯುಕ್ಲಾಕಿಯ ಚಿತ್ರ 1959ರಲ್ಲೇ ಬರ್ಲಿನ್ ಉತ್ಸವದ ಸ್ಪರ್ಧೆಗೆ ಹೋಗಿತ್ತು. ಆಗ ಯಾರಾದರೂ ಹೋಲಿಸಿ ನೋಡೋಣವೆಂದರೂ ಹಳೆಯ ಅಸ್ಟೆರೊ ಎದುರಿಗಿರಲಿಲ್ಲ. ಈಗ ಎರಡೂ ಇವೆ. ಗ್ರೀಕ್ ಚಿತ್ರೋತ್ಸವ ಮಾಡುವವರು ಇವೆರಡನ್ನೂ ಒಂದೇ ದಿನ, ಮೂಕಿಯನ್ನು ಮೊದಲು, ತೋರಿಸಬೇಕು.